ಚಾರ್ಲ್ಸ್ ವಾಲ್ಟರ್ಸ್ ಅವರ ಸಂಗೀತಚಿತ್ರಗಳನ್ನು ಅಭ್ಯಾಸ ಮಾಡುವ ಬಗೆ

ಅಮೆರಿಕದ ಸಂಗೀತಚಿತ್ರಗಳ ಮಾತು ಬಂದಾಗ ವಿನ್ಸೆಂಟ್ ಮಿನೆಲಿ, ಸ್ಟ್ಯಾನ್ಲಿ ಡೊನೆನ್, ಜೀನ್ ಕೆಲಿ ಅವರ ಹೆಸರುಗಳು ತಾವಾಗಿಯೇ ನಾಲಿಗೆಗೆ ಬರುತ್ತವೆ. ಅವರೆಲ್ಲ ದುಡಿದ ಹಾಲಿವುಡ್‌ನ ಎಂಜಿಎಂ ಸ್ಟುಡಿಯೋದಲ್ಲಿಯೇ, ಅದೇ ವರ್ಷಗಳಲ್ಲಿ ಕೆಲಸ ಮಾಡಿ ‘ಈಸ್ಟರ್ ಪರೇಡ್’, ‘ಲಿಲಿ’, ‘ಹೈ ಸೊಸೈಟಿ’ಯಂಥ ಚಿತ್ರಗಳನ್ನು ಕೊಟ್ಟ ಚಾರ್ಲ್ಸ್ ವಾಲ್ಟರ್ಸ್ (1911–1982) ಅವರ ಹೆಸರನ್ನು ಮಾತ್ರ ಆ ಚಿತ್ರಗಳನ್ನು ಮೆಚ್ಚಿ ನೋಡಿದವರೂ ನೆನಪಿಟ್ಟಿರುವುದಿಲ್ಲ. ಅವರ ಕೈಚಳಕ ಇರುವುದು ನೋಡುಗನ ಕಣ್ಣು ನಿಲ್ಲದ ಜಾಗದಲ್ಲಿ, ಅಂದರೆ ಪಾತ್ರವು ಮಾತು ನಿಲ್ಲಿಸಿ ಹಾಡಿಗೆ ಕಾಲಿಡುವ ಹೊಸ್ತಿಲಿನಲ್ಲಿ. ಅವರ ವೃತ್ತಿಜೀವನವನ್ನು ಅಭ್ಯಾಸ ಮಾಡುವುದೆಂದರೆ ಆ ಹೊಸ್ತಿಲನ್ನು ಕಾಣುವಂತೆ ಕಣ್ಣನ್ನು ಪಳಗಿಸಿಕೊಳ್ಳುವುದು ಎಂದೇ ನಾನು ನಂಬಿದ್ದೇನೆ, ಮುಂದಿನ ಸೂಚನೆಗಳೆಲ್ಲ ಆ ನಂಬಿಕೆಯಿಂದ ಹುಟ್ಟಿದವು.

ಕಾಲಾನುಕ್ರಮದಲ್ಲಿ ನೋಡುತ್ತ ಹೋಗುವ ಆಸೆಯನ್ನು ಮೊದಲು ಬದಿಗಿಡಬೇಕು. 1950ರ ‘ಸಮ್ಮರ್ ಸ್ಟಾಕ್’ ಚಿತ್ರದಲ್ಲಿ ಜೂಡಿ ಗಾರ್ಲೆಂಡ್ ಹಾಡುವ ‘ಗೆಟ್ ಹ್ಯಾಪಿ’ ಎಂಬ ಒಂದೇ ಹಾಡಿನಿಂದ ಪ್ರಾರಂಭಿಸಿರಿ. ಓರೆಯಾಗಿಟ್ಟ ಕಪ್ಪು ಟೋಪಿ, ಕಪ್ಪು ಕೋಟು, ಸುತ್ತ ಸೂಟು ಧರಿಸಿದ ಗಂಡಸರು, ಹಿಂದೆ ಮೋಡಗಳ ಪರದೆ. ಇಷ್ಟರಲ್ಲೇ ಎಲ್ಲವೂ ನಡೆಯುತ್ತದೆ. ಮುಖ್ಯ ಚಿತ್ರೀಕರಣ ಮುಗಿದು ಕೆಲಕಾಲವಾದ ಮೇಲೆ ಈ ಹಾಡನ್ನು ತೆಗೆದದ್ದರಿಂದ, ಗಾರ್ಲೆಂಡ್ ಚಿತ್ರದ ಉಳಿದ ಭಾಗಕ್ಕಿಂತ ಎದ್ದು ಕಾಣುವಷ್ಟು ತೆಳ್ಳಗಿದ್ದಾರೆ. ಚಿತ್ರದ ಬೇರೆ ನೃತ್ಯಗಳಲ್ಲಿ ನಿಕ್ ಕ್ಯಾಸಲ್ ಮತ್ತು ಜೀನ್ ಕೆಲಿ ಅವರ ಕೆಲಸವಿದೆ, ಇದನ್ನು ಮಾತ್ರ ವಾಲ್ಟರ್ಸ್ ಸ್ವತಃ ಸಂಯೋಜಿಸಿದರು. ಮೊದಲ ಸಲ ಸುಮ್ಮನೆ ನೋಡಿರಿ. ಎರಡನೆಯ ಸಲ ಧ್ವನಿಯನ್ನು ಪೂರ್ತಿ ಇಳಿಸಿ, ಶಾಟ್ ಬದಲಾದಾಗಲೆಲ್ಲ ಕಾಗದದ ಮೇಲೆ ಒಂದು ಗೀಟು ಎಳೆಯಿರಿ. ಗೀಟುಗಳು ಎಷ್ಟು ಕಡಿಮೆ ಎಂಬುದೇ ನಿಮ್ಮ ಮೊದಲ ಪಾಠವಾಗುತ್ತದೆ. ಮೂರನೆಯ ಸಲ ಗಾರ್ಲೆಂಡ್ ಅವರ ಮುಖವನ್ನು ಬಿಟ್ಟು ಕ್ಯಾಮೆರಾದ ಚಲನೆಯನ್ನೇ ಹಿಂಬಾಲಿಸಿರಿ, ಅದು ಹಾಡುಗಾರ್ತಿಯ ಜೊತೆಗಾರನಂತೆ ಅವಳು ಮುಂದೆ ಬಂದಾಗ ಹಿಂದೆ ಸರಿದು ಜಾಗ ಬಿಟ್ಟುಕೊಡುವುದು ಆಗ ಕಾಣಿಸುತ್ತದೆ.

ವಾಲ್ಟರ್ಸ್ ಮೂಲತಃ ನೃತ್ಯಪಟು ಎಂಬುದನ್ನು ಇಲ್ಲಿ ನೆನೆಯಬೇಕು. ಕ್ಯಾಲಿಫೋರ್ನಿಯಾದ ಅನಹೈಮ್‌ನಲ್ಲಿ ಬೆಳೆದ ಅವರು 1930ರ ದಶಕದಲ್ಲಿ ನ್ಯೂಯಾರ್ಕಿನ ಬ್ರಾಡ್‌ವೇ ರಂಗಭೂಮಿಯಲ್ಲಿ ಹೆಸರು ಮಾಡಿದರು. 1935ರಲ್ಲಿ ಗೀತರಚನಕಾರ ಕೋಲ್ ಪೋರ್ಟರ್ ಅವರ ‘ಜೂಬಿಲಿ’ ಎಂಬ ರಂಗಪ್ರಯೋಗದಲ್ಲಿ ಜೂನ್ ನೈಟ್ ಅವರೊಂದಿಗೆ ಕುಣಿದರು. 1942ರಲ್ಲಿ ಎಂಜಿಎಂ ಸೇರಿ ಕೆಲವು ವರ್ಷ ನೃತ್ಯ ನಿರ್ದೇಶಕರಾಗಿದ್ದರು. ಆ ಅವಧಿಯನ್ನು ಅರಿಯಲು 1944ರ ‘ಮೀಟ್ ಮಿ ಇನ್ ಸೇಂಟ್ ಲೂಯಿಸ್’ ಚಿತ್ರದ ಟ್ರಾಮ್ ಹಾಡು ಒಂದೇ ಸಾಕು. ಚಿತ್ರದ ನಿರ್ದೇಶಕರು ಮಿನೆಲಿ, ನೃತ್ಯ ನಿರ್ದೇಶನ ವಾಲ್ಟರ್ಸ್ ಅವರದು. ಇಕ್ಕಟ್ಟಾದ ಟ್ರಾಮಿನಲ್ಲಿ ನಿಜವಾಗಿ ಕುಣಿಯಲು ಜಾಗವೇ ಇಲ್ಲ. ಜನರು ತಿರುಗುವುದು, ಬಾಗುವುದು, ಒತ್ತರಿಸುವುದು, ಇವೇ ಅಲ್ಲಿ ನೃತ್ಯವಾಗಿವೆ.

ಎರಡನೆಯ ಹೆಜ್ಜೆಯಾಗಿ ಪ್ರತಿಯೊಂದು ಚಿತ್ರದ ಶೀರ್ಷಿಕೆ ಪಟ್ಟಿಯನ್ನು ನಿಲ್ಲಿಸಿ ನಿಲ್ಲಿಸಿ ಓದಿರಿ. ಈ ಕೆಲಸವನ್ನು ಬಿಟ್ಟರೆ ಮುಂದಿನ ಶ್ರಮವೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತಾಗುತ್ತದೆ, ಏಕೆಂದರೆ ಸ್ಟುಡಿಯೋ ವ್ಯವಸ್ಥೆಯಲ್ಲಿ ನಿರ್ದೇಶಕನ ಹೆಸರಿದ್ದ ಮಾತ್ರಕ್ಕೆ ಹಾಡುಗಳೆಲ್ಲ ಅವನ ಕಲ್ಪನೆಯಾಗಿರಬೇಕೆಂದಿಲ್ಲ. 1948ರ ‘ಈಸ್ಟರ್ ಪರೇಡ್’ ಚಿತ್ರದ ಸಂಗೀತ ದೃಶ್ಯಗಳನ್ನು ರಾಬರ್ಟ್ ಆಲ್ಟನ್ ರೂಪಿಸಿದರು. 1953ರ ‘ಈಸಿ ಟು ಲವ್’ ಚಿತ್ರದ ಕೊನೆಯಲ್ಲಿ ಫ್ಲಾರಿಡಾದ ನೀರಿನ ಮೇಲೆ ನಡೆಯುವ ಭಾರಿ ಸ್ಕೀಯಿಂಗ್ ದೃಶ್ಯ, ಅದ್ದೂರಿ ಗುಂಪುನೃತ್ಯಗಳಿಗೆ ಹೆಸರಾದ ಬಸ್ಬಿ ಬರ್ಕ್ಲಿ ಅವರದು. ಅದನ್ನು ವಾಲ್ಟರ್ಸ್ ಅವರದೆಂದು ಭಾವಿಸಿದರೆ ಅವರ ಸ್ವಭಾವವನ್ನೇ ತಲೆಕೆಳಗಾಗಿ ತಿಳಿದಂತೆ. ಇದಕ್ಕೆ ಪ್ರತಿಯಾಗಿ ಮಿನೆಲಿ ಅವರ ‘ಜೀಜಿ’ಯ ಕೆಲವು ಭಾಗಗಳನ್ನು ವಾಲ್ಟರ್ಸ್ ಮರುಚಿತ್ರೀಕರಿಸಿದರೂ ಅದಕ್ಕೆ ಅವರ ಹೆಸರು ಪರದೆಯ ಮೇಲೆ ಬರಲಿಲ್ಲ. ನಿಮ್ಮ ಟಿಪ್ಪಣಿಯಲ್ಲಿ ಪ್ರತಿ ಚಿತ್ರದ ಎದುರು ನಿರ್ದೇಶಕ, ನೃತ್ಯ ಸಂಯೋಜಕ, ನಿರ್ಮಾಪಕ ಎಂಬ ಮೂರು ಅಂಕಣಗಳಿರಲಿ. ಆರ್ಥರ್ ಫ್ರೀಡ್ ನಿರ್ಮಾಣದ ಚಿತ್ರಗಳಿಗೂ ಜೋ ಪಾಸ್ಟರ್ನ್ಯಾಕ್ ನಿರ್ಮಾಣದ ಚಿತ್ರಗಳಿಗೂ ಇರುವ ವ್ಯತ್ಯಾಸ ಕ್ರಮೇಣ ತಾನಾಗಿ ಗೋಚರಿಸುತ್ತದೆ.

ಬದಲಿಯಾಗಿ ಬಂದ ಕೆಲಸಗಳನ್ನೂ ಗುರುತು ಹಾಕಿಕೊಳ್ಳಿರಿ. ‘ಈಸ್ಟರ್ ಪರೇಡ್’ ಮಿನೆಲಿ ಅವರ ಕೈಯಲ್ಲಿತ್ತು, ಅವರ ಜಾಗಕ್ಕೆ ವಾಲ್ಟರ್ಸ್ ಬಂದರು. ಕಣಕಾಲು ಮುರಿದುಕೊಂಡ ಜೀನ್ ಕೆಲಿ ಬದಲಿಗೆ, ನಿವೃತ್ತಿ ಘೋಷಿಸಿದ್ದ ಫ್ರೆಡ್ ಅಸ್ಟೇರ್ ಬಂದರು. ಮರುವರ್ಷ ‘ದ ಬಾರ್ಕ್ಲೀಸ್ ಆಫ್ ಬ್ರಾಡ್‌ವೇ’ಯಲ್ಲಿ ಗಾರ್ಲೆಂಡ್ ಅವರ ಪಾತ್ರ ಜಿಂಜರ್ ರಾಜರ್ಸ್ ಅವರ ಪಾಲಾಯಿತು. ಅಸ್ಟೇರ್–ರಾಜರ್ಸ್ ಜೋಡಿಯ ಹತ್ತನೆಯ, ಕೊನೆಯ ಚಿತ್ರ ಅದೇ. ಸಿದ್ಧವಾಗಿದ್ದ ಯೋಜನೆ ಕೈಗೆ ಬಂದಾಗ ಅದನ್ನು ಹಗುರವಾಗಿ, ಸಲೀಸಾಗಿ ನಡೆಸಿಕೊಂಡು ಹೋಗುವ ಈ ಗುಣವನ್ನು ಕೆಲವರು ವ್ಯಕ್ತಿತ್ವದ ಕೊರತೆಯೆಂದು ಎಣಿಸಿದ್ದಾರೆ. ಆ ತೀರ್ಮಾನವನ್ನು ನಾನು ಒಪ್ಪಲಾರೆ.

ಏಕೆ ಒಪ್ಪಲಾರೆ ಎಂಬುದಕ್ಕೆ ಅವರು ನಿರ್ದೇಶಿಸಿದ ಮೊದಲ ಪೂರ್ಣಪ್ರಮಾಣದ ಚಿತ್ರವಾದ 1947ರ ‘ಗುಡ್ ನ್ಯೂಸ್’ ಸಾಕ್ಷಿ. ಅದರಲ್ಲಿ ಜೂನ್ ಅಲಿಸನ್ ಗ್ರಂಥಾಲಯದಲ್ಲಿ ಪೀಟರ್ ಲಾಫರ್ಡ್ ಅವರಿಗೆ ಫ್ರೆಂಚ್ ಪಾಠ ಹೇಳುವ ಹಾಡನ್ನು ಆರಿಸಿಕೊಂಡು ನಿಧಾನವಾಗಿ ಅಭ್ಯಾಸ ಮಾಡಿರಿ. (ನಿಜ ಜೀವನದಲ್ಲಿ ಫ್ರೆಂಚ್ ಸರಾಗವಾಗಿ ಬರುತ್ತಿದ್ದದ್ದು ಶಿಷ್ಯನಾಗಿ ನಟಿಸಿದ ಲಾಫರ್ಡ್ ಅವರಿಗೇ.) ಪದ ಹೇಳುವುದು, ಪದ ಒಪ್ಪಿಸುವುದು ಎಂಬ ಪಾಠದ ಲಯವೇ ಗಟ್ಟಿಯಾಗುತ್ತ ಗಟ್ಟಿಯಾಗುತ್ತ ಹಾಡಾಗುತ್ತದೆ. ನಮ್ಮ ಚಿತ್ರಗಳ ಪ್ಲೇಬ್ಯಾಕ್‌ನಂತೆಯೇ ಅಲ್ಲಿಯೂ ಹಾಡನ್ನು ಮೊದಲು ಧ್ವನಿಮುದ್ರಿಸಿ, ಆಮೇಲೆ ಸೆಟ್ಟಿನಲ್ಲಿ ತುಟಿ ಕೂಡಿಸುತ್ತಿದ್ದರು. ಆದ್ದರಿಂದ ಹೆಡ್‌ಫೋನ್ ಹಾಕಿಕೊಂಡು ಕೇಳಿದರೆ, ಸೆಟ್ಟಿನ ಕೋಣೆಯ ಗಾಳಿ ಮರೆಯಾಗಿ ಧ್ವನಿಮುದ್ರಣ ಮಂದಿರದ ನಿರ್ಮಲ ಸದ್ದು ಶುರುವಾಗುವ ಕ್ಷಣವನ್ನು ಹಿಡಿಯಲು ಪ್ರಯತ್ನಿಸಬಹುದು. ಹಾಡಿನ ಎತ್ತುಗಡೆ ಎಲ್ಲಿದೆ, ಆ ಕ್ಷಣದಲ್ಲಿ ನಟರ ಕೈ ಏನು ಮಾಡುತ್ತಿದೆ, ಮೊದಲು ಚಲಿಸಿದ್ದು ನಟರೋ ಕ್ಯಾಮೆರಾವೋ ಎಂಬ ಮೂರು ಪ್ರಶ್ನೆಗಳಿಗೆ ಬರೆದು ಉತ್ತರಿಸಿರಿ. ಇದೇ ಪ್ರಶ್ನೆಗಳನ್ನು ಮುಂದಿನ ಎಲ್ಲ ಚಿತ್ರಗಳಿಗೂ ಕೇಳಬೇಕು.

ಪ್ರತಿಯನ್ನು ಆರಿಸುವಾಗ ಒಂದು ಎಚ್ಚರ ಅಗತ್ಯ. 1955ರ ‘ದ ಟೆಂಡರ್ ಟ್ರ್ಯಾಪ್’ ಸಿನೆಮಾಸ್ಕೋಪ್‌ನಲ್ಲಿಯೂ 1956ರ ‘ಹೈ ಸೊಸೈಟಿ’ ವಿಸ್ಟಾವಿಷನ್‌ನಲ್ಲಿಯೂ, ಅಂದರೆ ಅಗಲ ತೆರೆಯ ವಿಧಾನಗಳಲ್ಲಿ, ತೆಗೆದವು. ಟಿವಿಗಾಗಿ ಅಂಚು ಕತ್ತರಿಸಿದ ಪ್ರತಿಗಳಲ್ಲಿ ಇವುಗಳ ಸೊಗಸು ಉಳಿಯುವುದಿಲ್ಲ. ‘ದ ಟೆಂಡರ್ ಟ್ರ್ಯಾಪ್’ ತೆರೆದುಕೊಳ್ಳುವಾಗ ಅಗಲವಾದ ಖಾಲಿ ಆಕಾಶದ ಕೆಳಗೆ ಫ್ರಾಂಕ್ ಸಿನಾತ್ರಾ ದೂರದಲ್ಲೊಂದು ಚುಕ್ಕೆಯಾಗಿ ಕಾಣಿಸಿಕೊಂಡು ಹಾಡುತ್ತ ನಮ್ಮತ್ತ ನಡೆದು ಬರುತ್ತಾರೆ. ಆ ಖಾಲಿ ಜಾಗವೇ ದೃಶ್ಯದ ಜೀವ.

‘ಲಿಲಿ’ಯನ್ನು (1953) ಮಾತ್ರ ಒಂದೇ ಸಲ ಕುಳಿತು, ಟಿಪ್ಪಣಿ ಇಲ್ಲದೆ ನೋಡಬೇಕೆಂದು ನನ್ನ ವಿನಂತಿ. ಅನಾಥ ಹುಡುಗಿಯಾಗಿ ಲೆಸ್ಲಿ ಕ್ಯಾರನ್ ತೆರೆಯ ಹಿಂದೆ ಬೊಂಬೆ ಆಡಿಸುವವನನ್ನು ಮರೆತು ಬೊಂಬೆಗಳೊಂದಿಗೆ ಮನಬಿಚ್ಚಿ ಮಾತಾಡುವ ದೃಶ್ಯಗಳಲ್ಲಿ ಹೊಸ್ತಿಲೇ ಅಳಿಸಿಹೋಗಿದೆ, ಮಾತೇ ಹಾಡಿನಷ್ಟು ಮೆದುವಾಗಿದೆ. ವಾಲ್ಟರ್ಸ್ ಅವರಿಗೆ ಉತ್ತಮ ನಿರ್ದೇಶಕ ಆಸ್ಕರ್ ನಾಮನಿರ್ದೇಶನ ದೊರೆತದ್ದು ಈ ಚಿತ್ರಕ್ಕೆ ಮಾತ್ರ. ಪ್ರಶಸ್ತಿ ಬಂದದ್ದು ಸಂಗೀತ ನೀಡಿದ ಬ್ರೋನಿಸ್ಲಾವ್ ಕೇಪರ್ ಅವರಿಗೆ. ‘ಟೆಕ್ಸಸ್ ಕಾರ್ನಿವಲ್’, ‘ದ ಬೆಲ್ ಆಫ್ ನ್ಯೂಯಾರ್ಕ್’ ಚಿತ್ರಗಳನ್ನು ಕೊನೆಗೆ ಉಳಿಸಿಕೊಂಡರೂ ನಷ್ಟವಿಲ್ಲ. ‘ಟಾರ್ಚ್ ಸಾಂಗ್’ ಚಿತ್ರದ ಆರಂಭದಲ್ಲಿ ಜೋನ್ ಕ್ರಾಫರ್ಡ್ ಜೊತೆ ಕುಣಿಯುವವರು ಸ್ವತಃ ವಾಲ್ಟರ್ಸ್, ಆದ್ದರಿಂದ ಆ ಕೆಲವು ನಿಮಿಷಗಳನ್ನಾದರೂ ನೋಡಿರಿ.

ಇಷ್ಟಾದ ಮೇಲೆ ‘ಹೈ ಸೊಸೈಟಿ’ಗೆ ಬನ್ನಿರಿ. ಬಿಂಗ್ ಕ್ರಾಸ್ಬಿ ಮತ್ತು ಸಿನಾತ್ರಾ ಔತಣದ ಗದ್ದಲದಿಂದ ತಪ್ಪಿಸಿಕೊಂಡು ಪುಸ್ತಕಗಳ ಕೋಣೆಯಲ್ಲಿ ಗ್ಲಾಸು ಹಿಡಿದು ಹಾಡುವ ‘ವೆಲ್, ಡಿಡ್ ಯೂ ಎವಾ’ ಹಾಡಿನಲ್ಲಿ ಇಬ್ಬರೂ ವೃತ್ತಿಯಿಂದ ನರ್ತಕರಲ್ಲ. ಅವರಿಗೆ ವಾಲ್ಟರ್ಸ್ ಕೊಟ್ಟಿರುವುದು ನಡಿಗೆ, ಹೆಗಲ ಮೇಲೊಂದು ಕೈ, ಗ್ಲಾಸಿನ ಒಂದು ಓಲಾಟ, ಇಷ್ಟೇ. ಕೋಲ್ ಪೋರ್ಟರ್ ಈ ಹಾಡನ್ನು ಬರೆದದ್ದು 1939ರಲ್ಲಿ, ‘ಡು ಬ್ಯಾರಿ ವಾಸ್ ಎ ಲೇಡಿ’ ಎಂಬ ರಂಗಪ್ರಯೋಗಕ್ಕಾಗಿ. ಅಂದು ಬ್ರಾಡ್‌ವೇಯಲ್ಲಿ ಬೆಟ್ಟಿ ಗ್ರೇಬಲ್ ಜೊತೆ ಅದನ್ನು ಮೊದಲು ಹಾಡಿದ ಯುವಕ ಚಾರ್ಲ್ಸ್ ವಾಲ್ಟರ್ಸ್. ಈ ಸಂಗತಿಯನ್ನು ಮನಸ್ಸಿನಲ್ಲಿಟ್ಟುಕೊಂಡು ಹಾಡನ್ನು ಮತ್ತೊಮ್ಮೆ ಧ್ವನಿಯಿಲ್ಲದೆ ನೋಡಿರಿ. ಈ ಸಲ ಆ ಇಬ್ಬರ ಪಾದಗಳನ್ನಷ್ಟೇ ಗಮನಿಸಿ, ನಡಿಗೆ ಎಲ್ಲಿ ಮುಗಿಯಿತು, ಕುಣಿತ ಎಲ್ಲಿ ಶುರುವಾಯಿತು ಎಂಬುದನ್ನು ಗುರುತಿಸಿರಿ.