ಮದುವೆಯೇ ಆಗಿರದ ಹೇಬಿಯಸ್ ಕೇಸು: ನನ್ನ ಅನುಭವ

"ಮದುವೆ ಸರ್ಟಿಫಿಕೇಟ್ ಇಲ್ದೆ ಹೇಬಿಯಸ್ ಹಾಕ್ಬೇಡ, ಮೊದಲ ದಿನವೇ ವಜಾ ಆಗುತ್ತೆ" ಅಂತ ನಮ್ಮ ವಕೀಲರ ಕೋಣೆಯಲ್ಲಿ ಹೇಳದವರಿಲ್ಲ. ಹೇಬಿಯಸ್ ಅಂದರೆ ಹೇಬಿಯಸ್ ಕಾರ್ಪಸ್, ಕೂಡಿಹಾಕಿರುವವರನ್ನು ಕೋರ್ಟಿನ ಮುಂದೆ ತರಿಸಿ ಅಂತ ಹಾಕುವ ಅರ್ಜಿ. ಆದರೂ ಹಾಕಿದೆ. ಮನೆಯವರು ಕೂಡಿಹಾಕಿದ್ದ ಹುಡುಗಿ ಹೈಕೋರ್ಟಿನ ಕಲಬುರಗಿ ಪೀಠದಿಂದ ಸ್ವತಂತ್ರವಾಗಿ ಹೊರಗೆ ಬಂದಳು. ಈಗ ಅವರೇ ಹೇಗೆ ಮಾಡಿದೆ ಅಂತ ಕೇಳುತ್ತಿದ್ದಾರೆ.

ಹುಡುಗ, ಹುಡುಗಿ ಇಬ್ಬರಿಗೂ ಇಪ್ಪತ್ತೆರಡು ದಾಟಿತ್ತು. ಜಾತಿ ಬೇರೆ. ವಿಶೇಷ ವಿವಾಹ ಕಾಯ್ದೆಯಡಿ ನೋಟಿಸ್ ಕೊಟ್ಟಿದ್ದರು. ನೋಂದಣಿ ಕಚೇರಿ ಬೋರ್ಡಿಗೆ ಅಂಟಿಸಿದ್ದ ಆ ನೋಟಿಸನ್ನು ಯಾರೋ ಫೋಟೊ ತೆಗೆದು ಹುಡುಗಿಯ ಅಪ್ಪನಿಗೆ ಕಳಿಸಿದರು. ಅವತ್ತಿನಿಂದ ಹುಡುಗಿಯ ಫೋನ್ ಬಂದ್. ಹುಡುಗ ಹೋಗಿ ಕೇಳಿದರೆ ಠಾಣೆಯಲ್ಲಿ "ಅವರ ಮಗಳು ಅವರ ಮನೇಲಿದಾಳೆ, ನಿಂಗೇನು?" ಅಂದರು.

ಮದುವೆ ಇನ್ನೂ ಆಗಿರಲಿಲ್ಲ, ಅದಕ್ಕೇ ಅರ್ಜಿಯಲ್ಲಿ ಮದುವೆಯ ವಾದವನ್ನೇ ಇಡಲಿಲ್ಲ. ಹುಡುಗ ಬರೀ ಗೆಳೆಯ ಅಂತ ಬರೆದೆ. ಹೇಬಿಯಸ್ ಹಾಕೋಕೆ ಗಂಡನೇ ಆಗಿರಬೇಕಿಲ್ಲ. 2018ರಲ್ಲಿ ಕೇರಳದ ಕೇಸೊಂದರಲ್ಲಿ, ಹುಡುಗನಿಗೆ ಇನ್ನೂ 21 ಆಗಿರದಿದ್ದರೂ, ವಯಸ್ಕರಿಬ್ಬರು ಮದುವೆಯಿಲ್ಲದೆಯೂ ಒಟ್ಟಿಗಿರಬಹುದು ಅಂತ ಸುಪ್ರೀಂ ಕೋರ್ಟ್ ಹೇಳಿದೆ. ಇಷ್ಟದವರನ್ನು ಮದುವೆಯಾಗುವುದು ವಯಸ್ಕರ ಮೂಲಭೂತ ಹಕ್ಕು ಅಂತ ನಮ್ಮ ಹೈಕೋರ್ಟೇ 2020ರಲ್ಲಿ ಹೇಬಿಯಸ್ ಕೇಸಿನಲ್ಲೇ ಹೇಳಿದೆ. ಈ ಎರಡನ್ನೇ ಕೊಟ್ಟೆ. ಹತ್ತು ತೀರ್ಪು ಪೇರಿಸಿದರೆ ಯಾರೂ ಓದಲ್ಲ.

ನಿಜವಾದ ಕಷ್ಟ ಕಾನೂನಿನದ್ದಲ್ಲ, ಹುಡುಗಿಯನ್ನು ಕರೆತರುವ ಗಾಡಿಯದ್ದು. ಇದಕ್ಕೂ ಹಿಂದಿನ ಒಂದು ಕೇಸಿನಲ್ಲಿ ಹುಡುಗಿ ಬಂದಿದ್ದು ಚಿಕ್ಕಪ್ಪನ ಇನ್ನೋವಾದಲ್ಲಿ. ಮುಂದಿನ ಸೀಟಿನಲ್ಲಿ ಪೇದೆ, ಹಿಂದೆ ಅಜ್ಜಿ, ಸೋದರಮಾವ, ಅತ್ತೆ. ಮುನ್ನೂರು ಕಿಲೋಮೀಟರ್ ಅತ್ತುಕೊಂಡೇ ಬಂದವಳು ಕೋರ್ಟ್ ಹಾಲಿನಲ್ಲಿ ಅಮ್ಮನ ಮುಖ ನೋಡಿ "ಮನೆಗೇ ಹೋಗ್ತೀನಿ" ಅಂದಳು. ಎರಡು ನಿಮಿಷದಲ್ಲಿ ಅರ್ಜಿ ಮುಕ್ತಾಯ. ಆ ಹುಡುಗನ ನಲವತ್ತು ಸಾವಿರ ನೀರಿಗೆ ಹೋಯಿತು.

ಹಾಗಾಗಿ ಈ ಸಲ ಮೊದಲ ದಿನವೇ ಮೂರು ಕೇಳಿದೆ. ಮಹಿಳಾ ಪೊಲೀಸರೇ ಇಲಾಖೆಯ ವಾಹನದಲ್ಲಿ ಕರೆತರಬೇಕು. ಹಿಂದಿನ ರಾತ್ರಿ ಸರ್ಕಾರಿ ಮಹಿಳಾ ನಿಲಯದಲ್ಲಿ ಇರಿಸಬೇಕು, ಎರಡೂ ಕಡೆಯವರು ಅವಳನ್ನು ಭೇಟಿಯಾಗಬಾರದು. ನ್ಯಾಯಮೂರ್ತಿಗಳು ತಮ್ಮ ಚೇಂಬರಿನಲ್ಲಿ ಅವಳೊಬ್ಬಳನ್ನೇ ಮಾತಾಡಿಸಬೇಕು. ಎರಡನೆಯದಕ್ಕೆ ಸರ್ಕಾರಿ ವಕೀಲರು ಜೋರಾಗಿ ತಕರಾರು ತೆಗೆದರು. ಕೋರ್ಟಿಗೆ ಕೊಟ್ಟ ಮೆಮೊದಲ್ಲಿ ಒಂದು ಸಾಲು ಹಾಕಿದ್ದೆ, ತಣ್ಣಗಾದರು. ಆ ಸಾಲು ಇಲ್ಲಿ ಬರೆಯಲ್ಲ, ಕ್ಯಾಂಟೀನಿಗೆ ಬನ್ನಿ ಹೇಳ್ತೀನಿ. ಯಾವ ವಾರ ತಾರೀಖು ಕೇಳಬೇಕು ಅನ್ನೋದೂ ಅಲ್ಲೇ.

ವಯಸ್ಸಿನ ಪುರಾವೆಗೆ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯ ಜೆರಾಕ್ಸೇ ಗಟ್ಟಿ. ಆಧಾರ್ ನಂಬಿಕೊಳ್ಳಬೇಡಿ.

ಬೇರೆ ದಾರಿಗಳನ್ನೂ ನೋಡಿದ್ದೇನೆ. ಮ್ಯಾಜಿಸ್ಟ್ರೇಟ್ ಮುಂದೆ ಕೂಡಿಹಾಕಿದವರನ್ನು ಹುಡುಕಿಸುವ ಸರ್ಚ್ ವಾರಂಟ್ ಅರ್ಜಿ (ಹಳೇ ಸಿಆರ್‌ಪಿಸಿಯ ಸೆಕ್ಷನ್ 97, ಈಗ ಅದರ ಬದಲಿಗೆ ಬಂದ ಬಿಎನ್‌ಎಸ್‌ಎಸ್ ಕಾಯ್ದೆಯ ಸೆಕ್ಷನ್ 100) ಖರ್ಚಿಲ್ಲದ ದಾರಿ. ಆದರೆ ವಾರಂಟ್ ಹೊರಡುವ ಮೊದಲೇ ಊರಿಗೆಲ್ಲ ಸುದ್ದಿ, ಹುಡುಗಿ ಸೊಲ್ಲಾಪುರದ ನೆಂಟರ ಮನೆಗೆ. ನೂರು ರೂಪಾಯಿ ಬಾಂಡ್ ಪೇಪರಿನ ಒಪ್ಪಿಗೆ ಪತ್ರ ಸುಮ್ನೆ ದಂಡ. ಫೋನಿನ ವಿಡಿಯೊ ಅಂದರೆ ಹೆದರಿಸಿ ಮಾಡಿಸಿದ್ದು ಅಂತಾರೆ. ಅವಳು ಮಧ್ಯರಾತ್ರಿ ತಂಗಿಯ ಫೋನಿನಿಂದ ಕಳಿಸಿದ್ದ "ನನ್ನ ಪುಸ್ತಕ ಎಲ್ಲಾ ಸುಟ್ರು" ಅನ್ನೋ ನಾಲ್ಕು ಪದ ಅವೆಲ್ಲಕ್ಕಿಂತ ಜಾಸ್ತಿ ಕೆಲಸ ಮಾಡಿತು.

ಖರ್ಚು? ನನ್ನ ಫೀಸು ಮೂವತ್ತು ಸಾವಿರದ ಸುಮಾರು, ಟೈಪಿಂಗ್, ಅರ್ಜಿಯ ಪ್ರತಿಗಳ ಸೆಟ್ಟು, ಲಾಡ್ಜು, ಓಡಾಟ ಸೇರಿ ಹುಡುಗನಿಗೆ ಅರವತ್ತು ಸಾವಿರದ ಹತ್ತಿರ. ಎಂಟು ಸಾವಿರ ಇನ್ನೂ ಬರಬೇಕು.

ಚೇಂಬರಿನಲ್ಲಿ ಇಪ್ಪತ್ತು ನಿಮಿಷ ಮಾತಾಡಿದಳು. ಎಲ್ಲಿ ಬೇಕಾದರೂ ಹೋಗಲು ಸ್ವತಂತ್ರಳು ಅಂತ ಆದೇಶ ಆಯಿತು. ಹುಡುಗ ಕಾರು ತಂದು ನಿಲ್ಲಿಸಿದ್ದ. ಅವಳು ಹೋಗಿದ್ದು ಲೇಡೀಸ್ ಹಾಸ್ಟೆಲಿಗೆ! ನೋಂದಣಿ ಮುಗಿಯೋವರೆಗೂ ಅಲ್ಲೇ ಇರ್ತೀನಿ ಅಂದಳು. ಅವನ ಮುಖ ಸಣ್ಣದಾಯಿತು. ನಾನೇನೂ ಹೇಳಲಿಲ್ಲ, ನಾವು ಕೇಳಿದ್ದೇ ಅದು, ಅಲ್ವಾ?

ಮೂಲ ಅಂಕಪಟ್ಟಿ, ಬ್ಯಾಂಕ್ ಪಾಸ್‌ಬುಕ್ ವಾಪಸ್ ಕೊಡಿಸಲು ಅದೇ ಆದೇಶದಲ್ಲಿ ಒಂದು ಸಾಲು ಸೇರಿಸಿಕೊಳ್ಳಿ. ಆಮೇಲೆ ಕೇಳಿದರೆ ಅವು ಅಪ್ಪನ ಅಲ್ಮೇರಾದಿಂದ ಹೊರಗೆ ಬರಲ್ಲ.