ಮುಧೋಳ ನಾಯಿಗೆ ಸ್ಕಿನ್ನರ್ ಲೆಕ್ಕ: ನನ್ನ ಅನುಭವ

"ಮುಧೋಳ ನಾಯಿ ಒಂದ್ಸಲ ಓಡಿದರೆ ಮುಗೀತು, ಕರೆದರೆ ಬರಲ್ಲ" ಎಂದವರೇ ಈಗ ನನ್ನ ಸಿಳ್ಳೆ ಯಾವ ಅಂಗಡಿಯದು ಅಂತ ಕೇಳುತ್ತಿದ್ದಾರೆ. ಸಿಳ್ಳೆಯಲ್ಲೇನಿದೆ? ಕೆಲಸ ಮಾಡಿದ್ದು ಅಮೆರಿಕದ ಮನಶ್ಶಾಸ್ತ್ರಜ್ಞ ಬಿ.ಎಫ್. ಸ್ಕಿನ್ನರ್ ಲೆಕ್ಕ: ಬೇಕಾದ ನಡವಳಿಕೆಗೆ ಆಗಿಂದಾಗ್ಗೆ ಬಹುಮಾನ ಕೊಟ್ಟರೆ ಅದು ಗಟ್ಟಿಯಾಗುತ್ತದೆ.

ಮೊದಲು ದುಡ್ಡು ಹೋಯಿತು. ಒಬ್ಬ ಟ್ರೈನರ್ ಎಂಟು ಸಾವಿರದ ಹತ್ತಿರ ತೆಗೆದುಕೊಂಡು ಚೋಕ್ ಚೈನ್ (ಎಳೆದರೆ ಕುತ್ತಿಗೆ ಬಿಗಿಯುವ ಸರಪಳಿ) ಹಾಕಿ ಎಳೆದಾಡಿದ. ಚೈನ್ ಇರುವಷ್ಟು ಹೊತ್ತು ನನ್ನ ನಾಯಿ ಭೈರ ಸಾಧು. ಬಿಚ್ಚಿದರೆ ಪರಾರಿ. ಶಿಕ್ಷೆ ಕೊಟ್ಟರೆ ನಡವಳಿಕೆ ಸ್ವಲ್ಪ ಕಾಲ ಅಡಗುತ್ತದೆ ಅಷ್ಟೇ ಅಂತ ಸ್ಕಿನ್ನರ್ ಸುಮ್ನೆ ಹೇಳಿರಲಿಲ್ಲ. ಆಮೇಲೆ ಪ್ಯಾಕೆಟ್ ಬಿಸ್ಕತ್ತು, ತಿಂಗಳಿಗೆ ಎರಡು ಸಾವಿರ. ಮೊಲ ಕಂಡರೆ ಅದಕ್ಕೆ ಮೂರು ಕಾಸಿನ ಬೆಲೆಯಿಲ್ಲ. ಕೊನೆಗೆ ಕೋಳಿ ಲಿವರ್ ಬೇಯಿಸಿ, ಕಡಲೆಕಾಳಿನಷ್ಟು ಕತ್ತರಿಸಿ, ಬಾಣಲೆಯಲ್ಲಿ ಒಣಗಿಸಿದೆ. ಇನ್ನೂರು ರೂಪಾಯಿಗೆ ವಾರ ಬರುತ್ತದೆ. ಜೊತೆಗೆ ಇನ್ನೊಂದು ಪುಡಿ ಹಾಕುತ್ತೇನೆ, ಅದನ್ನು ಮಾತ್ರ ಕೇಳಬೇಡಿ.

ಸಿಳ್ಳೆ ಹೊಡೆದಾಗ ಕಿವಿ ಇತ್ತ ತಿರುಗಿದರೂ ಸರಿ, ಕೈಯಲ್ಲಿನ ಕ್ಲಿಕ್ಕರ್ ಒತ್ತಿ 'ಕ್ಲಿಕ್' ಶಬ್ದ, ಹಿಂದೆಯೇ ಲಿವರ್ ತುಣುಕು. ಆಮೇಲೆ ತಲೆ ತಿರುಗಿದರೆ ಮಾತ್ರ. ಆಮೇಲೆ ಒಂದು ಹೆಜ್ಜೆ. 1943ರಲ್ಲಿ ಮಿನಿಯಾಪೊಲಿಸ್‌ನ ಹಿಟ್ಟಿನ ಗಿರಣಿಯ ಮೇಲ್ಮಹಡಿಯಲ್ಲಿ ಸ್ಕಿನ್ನರ್ ತಂಡ ಪಾರಿವಾಳಕ್ಕೆ ಕೊಕ್ಕಿನಿಂದ ಚೆಂಡು ಹೊಡೆದು ಉರುಳಿಸುವ ಬೌಲಿಂಗ್ ಆಟ ಕಲಿಸಿದ್ದೂ ಹೀಗೇ. ಅದು ಚೆಂಡಿಗೆ ಹೊಡೆಯಲಿ ಅಂತ ಕಾದು ಸಾಕಾಗಿ, ಚೆಂಡನ್ನು ನೋಡಿದ್ದಕ್ಕೇ ಕಾಳು ಕೊಟ್ಟರು. ಕೆಲವೇ ನಿಮಿಷದಲ್ಲಿ ಚೆಂಡು ಗೋಡೆಗೆ ಬಡಿಯುತ್ತಿತ್ತು.

ಜಾಸ್ತಿ ಜನ ಸೋಲುವುದು ತುಣುಕು ಕಮ್ಮಿ ಮಾಡುವಾಗ. ಹಾರ್ವರ್ಡ್‌ನಲ್ಲಿ ಒಂದು ಶನಿವಾರ ಸ್ಕಿನ್ನರ್ ನೋಡಿದರೆ, ಇಲಿಗಳಿಗೆ ಕೈಯಾರೆ ಮಾಡಿಟ್ಟಿದ್ದ ಆಹಾರದ ಗುಳಿಗೆ ಮುಗಿಯುತ್ತ ಬಂದಿತ್ತು. ಪ್ರತಿ ಸಲ ಕೊಡುವುದು ಬಿಟ್ಟು ನಿಮಿಷಕ್ಕೊಂದು ಕೊಟ್ಟ. ಇಲಿಗಳು ಗುಳಿಗೆ ಬೀಳಿಸುವ ಸನ್ನೆಗೋಲು ಒತ್ತುವುದನ್ನು ಬಿಡಲೇ ಇಲ್ಲ. ನಾನೂ ಎರಡಕ್ಕೊಂದು, ಮೂರಕ್ಕೊಂದು, ಆಮೇಲೆ ಭೈರನಿಗೆ ಲೆಕ್ಕ ಸಿಗದ ಹಾಗೆ ಕೊಟ್ಟೆ. ಖರ್ಚು ಅರ್ಧಕ್ಕಿಳಿಯಿತು, ಬರುವುದು ಇನ್ನೂ ಗಟ್ಟಿಯಾಯಿತು.

ನಡುವೆ ನಾಟಿ ಕೋಳಿಗಳ ಮೇಲೂ ಕೈ ಆಡಿಸಿದೆ. ಹೆಂಟೆ ಅರ್ಧ ಗಂಟೆಯೊಳಗೆ ಕೆಂಪು ಮುಚ್ಚಳ ಕುಕ್ಕಲು ಕಲಿಯಿತು. ಹುಂಜ ಮಾತ್ರ ಕಾಳು ಬಿದ್ದ ತಕ್ಷಣ ತಾನು ತಿನ್ನದೆ, ಕೊಕ್ಕಿನಲ್ಲಿ ಎತ್ತಿ ಬಿಟ್ಟು, ಕೊಕ್‌ಕೊಕ್ ಅಂತ ಹೆಂಟೆಗಳನ್ನು ಕರೆಯಿತು! ಹುಟ್ಟುಗುಣದ ಮುಂದೆ ನಮ್ಮ ಕಾಳು ನಡೆಯಲ್ಲ. ಸ್ಕಿನ್ನರ್ ಶಿಷ್ಯರಾದ ಬ್ರೆಲ್ಯಾಂಡ್ ದಂಪತಿ 1961ರಲ್ಲೇ ಇದನ್ನು ಬರೆದಿದ್ದರು: ನಾಣ್ಯ ತಂದು ಡಬ್ಬಿಗೆ ಹಾಕಲು ಕಲಿತ ಹಂದಿ, ಬರಬರುತ್ತ ಅದನ್ನು ಮೂತಿಯಿಂದ ಮಣ್ಣಲ್ಲಿ ಹೊರಳಿಸುತ್ತ ದಾರಿಯಲ್ಲೇ ಉಳಿಯುತ್ತಿತ್ತು.

ಭೈರ ಈಗ ಹತ್ತಕ್ಕೆ ಒಂಬತ್ತು ಸಲವಾದರೂ ಬರುತ್ತಾನೆ. ಮೊಲ ಎದ್ದು ಓಡಿದ ಮೇಲೆ ನಾನು ಸಿಳ್ಳೆ ಹೊಡೆಯುವುದೇ ಇಲ್ಲ. ಅದಕ್ಕೂ ಮುಂಚೆ ಅವನ ಬಾಲ ಒಂದು ಕ್ಷಣ ಬಿಗಿಯಾಗಿ ನಿಲ್ಲುತ್ತದೆ. ಹೊಡೆಯಬೇಕಾದ್ದು ಆಗ.