ಕಾನೂನು ಆಯೋಗದ ಶಿಫಾರಸು ಕೊನೆಗೆ ಏನಾಯಿತು? ಜಾಡು ಹಿಡಿಯುವ ಬಗೆ

‘ಕಾನೂನು ಆಯೋಗ ಹೀಗೆ ಹೇಳಿದೆ’ ಎಂಬ ಸುದ್ದಿ ಬಂದ ಮರುದಿನವೇ ‘ಕಾನೂನು ಬದಲಾಯ್ತಂತೆ’ ಎನ್ನುವವರು ಸಿಗುತ್ತಾರೆ. ಆಯೋಗಕ್ಕೆ ಅಂಥ ಅಧಿಕಾರವೇ ಇಲ್ಲ, ಕಾನೂನು ಹೇಗೆ ಬದಲಾಗಬೇಕೆಂದು ಕೇಂದ್ರ ಸರ್ಕಾರಕ್ಕೆ ಸಲಹೆ ಕೊಡುವುದಷ್ಟೇ ಅದರ ಕೆಲಸ. ಸ್ವತಂತ್ರ ಭಾರತದ ಮೊದಲ ಆಯೋಗ 1955ರಲ್ಲಿ ಎಂ.ಸಿ. ಸೆಟಲ್ವಾಡ್ ಅಧ್ಯಕ್ಷತೆಯಲ್ಲಿ ರಚನೆಯಾಯಿತು. ಅಂದಿನಿಂದಲೂ ಅದು ಸರ್ಕಾರಿ ಆದೇಶದಿಂದ ಹುಟ್ಟಿ, ಸಾಮಾನ್ಯವಾಗಿ ಮೂರು ವರ್ಷಕ್ಕೆ ಅವಧಿ ಮುಗಿಸುವ ಸಂಸ್ಥೆ. ವರದಿಯನ್ನು ಸರ್ಕಾರ ಒಪ್ಪಲೇಬೇಕೆಂದಿಲ್ಲ. ಆದರೂ ಕೆಲವು ಶಿಫಾರಸು ಒಂಬತ್ತೇ ತಿಂಗಳಲ್ಲಿ ಕಾನೂನಾಗಿವೆ, ಕೆಲವು ಅರ್ಧ ಶತಮಾನ ಕಾದಿವೆ. ಕಾನೂನು ವಿದ್ಯಾರ್ಥಿಗಳು, ವರದಿಗಾರರು, ಸಂಘಟನೆಯವರು ಇದರ ಜಾಡು ಹಿಡಿಯುವುದು ಹೇಗೆ ಎಂಬುದು ಇಲ್ಲಿದೆ.

ಮೊದಲು, ಕೈಯಲ್ಲಿರುವ ಕಾಗದ ಯಾವುದೆಂದು ನೋಡಿ. ಆಯೋಗದ ‘ವರದಿ’ಗೆ ಕ್ರಮಸಂಖ್ಯೆ ಇರುತ್ತದೆ, ಆಯೋಗ ಬದಲಾದರೂ ಎಣಿಕೆ ಮುಂದುವರಿಯುತ್ತದೆ. ಚರ್ಚೆಗೆಂದು ಹೊರಡಿಸುವ ‘ಸಮಾಲೋಚನಾ ಪತ್ರ’ಕ್ಕೆ ಆ ಸಂಖ್ಯೆ ಇರುವುದಿಲ್ಲ. ಏಕರೂಪ ನಾಗರಿಕ ಸಂಹಿತೆ ಈ ಹಂತದಲ್ಲಿ ಅಗತ್ಯವೂ ಅಲ್ಲ, ಅಪೇಕ್ಷಣೀಯವೂ ಅಲ್ಲ ಎಂದು 2018ರ ಆಗಸ್ಟ್‌ನಲ್ಲಿ 21ನೇ ಆಯೋಗ ಹೇಳಿದ್ದು ಸಮಾಲೋಚನಾ ಪತ್ರದಲ್ಲಿ, ವರದಿಯಲ್ಲಲ್ಲ. ಮುಂದಿನ ಆಯೋಗ 2023ರ ಜೂನ್‌ನಲ್ಲಿ ಅದೇ ವಿಷಯಕ್ಕೆ ಮತ್ತೆ ಅಭಿಪ್ರಾಯ ಕೇಳಿತು. ಇನ್ನು ಸಚಿವಾಲಯಗಳು ನೇಮಿಸುವ ಸಮಿತಿಗಳೇ ಬೇರೆ. ಕರ್ನಾಟಕ ಹೈಕೋರ್ಟ್‌ನ ಮುಖ್ಯ ನ್ಯಾಯಮೂರ್ತಿಯಾಗಿದ್ದ ವಿ.ಎಸ್. ಮಳಿಮಠರ ಅಧ್ಯಕ್ಷತೆಯಲ್ಲಿ ಅಪರಾಧ ನ್ಯಾಯ ವ್ಯವಸ್ಥೆಯ ಸುಧಾರಣೆ ಕುರಿತ ಸಮಿತಿ 2003ರಲ್ಲಿ ಕೊಟ್ಟ ವರದಿಯನ್ನು ಕಾನೂನು ಆಯೋಗದ ವರದಿಗಳ ಪಟ್ಟಿಯಲ್ಲಿ ಹುಡುಕಿದರೆ ಸಿಗದು. ಅದು ಗೃಹ ಸಚಿವಾಲಯದ ಬಾಬತ್ತು.

ವರದಿಯನ್ನು ಹಿಂದಿನಿಂದ ಓದಿ. ಶಿಫಾರಸುಗಳು ಸಾಮಾನ್ಯವಾಗಿ ಕೊನೆಯ ಅಧ್ಯಾಯದಲ್ಲಿರುತ್ತವೆ. ಯಾವ ಕಾಯ್ದೆ, ಯಾವ ಕಲಂ, ಸೂಚಿಸಿದ ಪದಗಳೇನು ಎಂಬ ಮೂರನ್ನೂ ಇದ್ದದ್ದು ಇದ್ದ ಹಾಗೆ ಬರೆದುಕೊಳ್ಳಿ. ಆಮೇಲೆ ಅನುಬಂಧಕ್ಕೆ ಹೋಗಿ, ಕರಡು ಮಸೂದೆ ಲಗತ್ತಾಗಿದೆಯೇ ನೋಡಿ. ನಮ್ಮ ಲೆಕ್ಕದಲ್ಲಿ ವರದಿಯ ಭವಿಷ್ಯ ಅಂದಾಜು ಮಾಡಲು ಇದಕ್ಕಿಂತ ಒಳ್ಳೆಯ ಸುಳಿವಿಲ್ಲ. ವಾಣಿಜ್ಯ ನ್ಯಾಯಾಲಯಗಳ ಬಗೆಗಿನ 253ನೇ ವರದಿ 2015ರ ಜನವರಿಯಲ್ಲಿ ಕರಡು ಮಸೂದೆಯ ಸಮೇತ ಬಂತು. ಅದೇ ಅಕ್ಟೋಬರ್ 23ರಿಂದ ಕಾನೂನು ಜಾರಿ. ಅದೇ ವರ್ಷದ ಆಗಸ್ಟ್‌ನ 262ನೇ ವರದಿ, ಭಯೋತ್ಪಾದನೆ ಮತ್ತು ದೇಶದ ವಿರುದ್ಧ ಯುದ್ಧ ಸಾರಿದ ಪ್ರಕರಣ ಬಿಟ್ಟು ಉಳಿದೆಲ್ಲ ಅಪರಾಧಗಳಿಗೆ ಮರಣದಂಡನೆ ರದ್ದುಮಾಡಿ ಎಂದಿತು. ಮೂವರು ಸದಸ್ಯರು ಒಪ್ಪಲಿಲ್ಲ, ಅವರಲ್ಲಿ ಇಬ್ಬರು ಸರ್ಕಾರದ ಪ್ರತಿನಿಧಿಗಳು. ಮರಣದಂಡನೆ ಇವತ್ತಿಗೂ ಇದೆ. ಭಿನ್ನಮತದ ಟಿಪ್ಪಣಿಯನ್ನು ಬಿಟ್ಟು ಓದಬೇಡಿ ಎನ್ನುವುದು ಇದಕ್ಕೇ.

ಈಗ ಒಂದು ಹಾಳೆಯ ಮೇಲೆ ಕಾಲಾನುಕ್ರಮ ಹಾಕಿ: ಇಸವಿ, ಯಾರು, ಏನು ಹೇಳಿದರು, ಮುಂದೇನಾಯಿತು. ಆತ್ಮಹತ್ಯೆ ಯತ್ನವನ್ನು ಅಪರಾಧ ಎನ್ನುತ್ತಿದ್ದ ಭಾರತೀಯ ದಂಡ ಸಂಹಿತೆಯ 309ನೇ ಕಲಮನ್ನೇ ತೆಗೆದುಕೊಳ್ಳಿ. 1971ರ 42ನೇ ವರದಿ ಅದನ್ನು ಕೈಬಿಡಿ ಎಂದಿತು. 1972ರಲ್ಲಿ ಮಸೂದೆ ಬಂತು, 1978ರಲ್ಲಿ ರಾಜ್ಯಸಭೆ ಒಪ್ಪಿತು. 1979ರಲ್ಲಿ ಲೋಕಸಭೆ ವಿಸರ್ಜನೆಯಾಗಿ ಮಸೂದೆ ಬಿದ್ದುಹೋಯಿತು. 1994ರಲ್ಲಿ ಸುಪ್ರೀಂ ಕೋರ್ಟ್ ಕಲಂ ಅಸಾಂವಿಧಾನಿಕ ಎಂದಿತು. 1996ರಲ್ಲಿ ಗಿಯಾನ್ ಕೌರ್ ಪ್ರಕರಣದಲ್ಲಿ ಅದೇ ಕೋರ್ಟಿನ ಸಂವಿಧಾನ ಪೀಠ ಆ ತೀರ್ಪನ್ನು ತಳ್ಳಿಹಾಕಿತು. ಅದರ ಬೆನ್ನಿಗೇ 1997ರ 156ನೇ ವರದಿ ‘ಕಲಂ ಇರಲಿ’ ಎಂದಿತು. 2008ರ 210ನೇ ವರದಿ ಮತ್ತೆ ‘ತೆಗೆಯಿರಿ’! ಕೊನೆಗೆ ದಾರಿ ತೆರೆದದ್ದು ದಂಡ ಸಂಹಿತೆಯಲ್ಲಲ್ಲ, ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ 2017ರ 115ನೇ ಕಲಮಿನಲ್ಲಿ. ಅಂಥ ವ್ಯಕ್ತಿ ತೀವ್ರ ಒತ್ತಡದಲ್ಲಿದ್ದ ಎಂದೇ ಭಾವಿಸಬೇಕು, ಹಾಗಲ್ಲವೆಂದು ಸಾಬೀತಾಗದ ಹೊರತು ಶಿಕ್ಷಿಸಕೂಡದು ಎಂದು ಅದು ಹೇಳಿತು. 2024ರ ಜುಲೈ 1ರಂದು ದಂಡ ಸಂಹಿತೆಯ ಜಾಗಕ್ಕೆ ಭಾರತೀಯ ನ್ಯಾಯ ಸಂಹಿತೆ ಜಾರಿಯಾದಾಗ 309 ಉಳಿಯಲಿಲ್ಲ. ಆದರೆ ಸರ್ಕಾರಿ ನೌಕರನ ಕರ್ತವ್ಯಕ್ಕೆ ಒತ್ತಡ ಹೇರಲು ಆತ್ಮಹತ್ಯೆಗೆ ಯತ್ನಿಸುವುದು 226ನೇ ಕಲಮಿನಡಿ ಅಪರಾಧ. ಒಂದೇ ವರದಿ, ಒಂದೇ ಕಾಯ್ದೆ ನೋಡಿ ಕೂತವರಿಗೆ ಈ ಕಥೆಯ ಅರ್ಧವೂ ಕಾಣದು.

ಶಿಫಾರಸಿನ ಪದಗಳನ್ನೂ ಕಾಯ್ದೆಯ ಪದಗಳನ್ನೂ ಅಕ್ಕಪಕ್ಕ ಇಟ್ಟು ನೋಡಿ, ಶೀರ್ಷಿಕೆ ನಂಬಬೇಡಿ. ರಾಜದ್ರೋಹದ ಬಗೆಗಿನ 279ನೇ ವರದಿ (2023) ಜೀವಾವಧಿಯ ಬದಲಿಗಿದ್ದ ಮೂರು ವರ್ಷದ ಶಿಕ್ಷೆಯನ್ನು ಏಳಕ್ಕೆ ಏರಿಸಲು ಹೇಳಿತ್ತು. ನ್ಯಾಯ ಸಂಹಿತೆಯ 152ನೇ ಕಲಮಿನಲ್ಲೂ ಏಳು ವರ್ಷವೇ ಇದೆ. ಆದರೆ ಹಿಂಸೆಗೆ ಪ್ರಚೋದಿಸುವ ಪ್ರವೃತ್ತಿ ಇರಬೇಕೆಂದು ಆಯೋಗ ಸೇರಿಸಿದ್ದ ಮಾತು ಅಲ್ಲಿಲ್ಲ. ಅಂಕಿ ಹೊಂದಿತೆಂದು ‘ಶಿಫಾರಸು ಒಪ್ಪಿದರು’ ಎಂದು ಬರೆದರೆ ತಪ್ಪಾಗುತ್ತದೆ.

ನಂಟು ಖಚಿತಪಡಿಸಿಕೊಳ್ಳಲು ಮಸೂದೆಯ ಕೊನೆಯಲ್ಲಿ ಅಚ್ಚಾಗುವ ‘ಉದ್ದೇಶಗಳು ಮತ್ತು ಕಾರಣಗಳ ಹೇಳಿಕೆ’ ನೋಡಿ. ವರದಿಯ ಸಂಖ್ಯೆ ಅಲ್ಲಿದ್ದರೆ ಅರ್ಧ ಕೆಲಸ ಮುಗಿಯಿತು. ಕೇಂದ್ರದ ವಿಷಯದಲ್ಲಿ ಎಷ್ಟೋ ಜನ ಎಡವುವುದು ಇಲ್ಲೇ: ಅಂಗೀಕಾರವಾದ ಕಾಯ್ದೆಯ ಪ್ರತಿ ತೆಗೆದು ಹುಡುಕುತ್ತಾರೆ, ಹೇಳಿಕೆ ಅದರಲ್ಲಿರುವುದಿಲ್ಲ. ಸಂಸತ್ತಿನ ಜಾಲತಾಣದಿಂದ ‘ಮಂಡಿಸಿದ ರೂಪದ’ ಮಸೂದೆಯನ್ನೇ ಇಳಿಸಿಕೊಳ್ಳಿ. ಮಸೂದೆ ಸಂಸತ್ತಿನ ಸ್ಥಾಯಿ ಸಮಿತಿಗೆ ಹೋಗಿದ್ದರೆ ಆ ಸಮಿತಿಯ ವರದಿಯನ್ನೂ ಓದಿ. ಅದೂ ಬರೀ ಸಲಹೆಯೇ.

ಸಂಸತ್ತಿನಲ್ಲಿ ಜಾಡು ತಪ್ಪಿದರೆ ಕೋರ್ಟಿನಲ್ಲಿ ಹುಡುಕಿ. ಹತ್ತು ಲಕ್ಷ ಜನಕ್ಕೆ 10.5 ಇದ್ದ ನ್ಯಾಯಾಧೀಶರ ಪ್ರಮಾಣ 50 ಆಗಲಿ ಎಂದು 1987ರ 120ನೇ ವರದಿ ಹೇಳಿತ್ತು. 2002ರಲ್ಲಿ ಸುಪ್ರೀಂ ಕೋರ್ಟ್ ಐದು ವರ್ಷದೊಳಗೆ ಹಂತಹಂತವಾಗಿ 50ಕ್ಕೆ ಏರಿಸಿ ಎಂದು ನಿರ್ದೇಶಿಸಿತು. ಆದದ್ದು ಎಷ್ಟೆಂದು ಯಾವ ತಾಲೂಕು ಕೋರ್ಟಿಗೆ ಹೋದರೂ ಗೊತ್ತಾಗುತ್ತದೆ. 2014ರ 245ನೇ ವರದಿಯಂತೂ ಜನಸಂಖ್ಯೆಯ ಲೆಕ್ಕವೇ ಸರಿಯಲ್ಲ, ಪ್ರಕರಣ ಇತ್ಯರ್ಥದ ವೇಗ ಹಿಡಿದು ಲೆಕ್ಕ ಹಾಕಿ ಎಂದಿತು. ಆದ್ದರಿಂದ ಇಂದು ‘50’ ಎಂದು ಉದ್ಧರಿಸುವವರು ಇಸವಿಯನ್ನೂ ಹೇಳಬೇಕು.

ಎಲ್ಲೂ ಸುಳಿವಿಲ್ಲದಿದ್ದರೆ ಮಾಹಿತಿ ಹಕ್ಕು ಅರ್ಜಿ. ಕೇಂದ್ರಕ್ಕೆ ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಅರ್ಜಿಯನ್ನು ಆಯೋಗಕ್ಕಲ್ಲ, ಆ ಕಾಯ್ದೆಯನ್ನು ನೋಡಿಕೊಳ್ಳುವ ಸಚಿವಾಲಯಕ್ಕೆ ಹಾಕಿ: ದಂಡ ಕಾನೂನಾದರೆ ಗೃಹ. ‘ಯಾಕೆ ಜಾರಿ ಮಾಡಿಲ್ಲ’ ಎಂದು ಕೇಳಿದರೆ ಅದು ಮಾಹಿತಿಯಲ್ಲ ಎಂದು ಹಿಂದಿರುಗಿಸುತ್ತಾರೆ. ‘ಇಂತಿಷ್ಟನೇ ವರದಿಯ ಮೇಲಿನ ಕಡತದ ಟಿಪ್ಪಣಿ ಹಾಳೆಗಳ ಮತ್ತು ರಾಜ್ಯಗಳ ಅಭಿಪ್ರಾಯ ಪತ್ರಗಳ ಪ್ರತಿ ಕೊಡಿ’ ಎಂದು ಬರೆಯಿರಿ. ಸಂಪುಟದ ಮುಂದಿರುವ ಕಾಗದಗಳನ್ನು ಮಾಹಿತಿ ಹಕ್ಕು ಕಾಯ್ದೆಯ 8(1)(ಐ) ಕಲಂ ಹೇಳಿ ತಡೆಯಬಹುದು. ತೀರ್ಮಾನವಾಗಿ ವಿಷಯ ಮುಗಿದ ಮೇಲೆ ಆ ತಡೆ ನಿಲ್ಲುವುದಿಲ್ಲ, ಆಗ ಇನ್ನೊಂದು ಅರ್ಜಿ ಹಾಕಿ.